ಸೋಸುವ ಬಟ್ಟೆಯಾಚೆಗಿನ ಅಹಿಂಸೆ

ವಿಠ್ಠಲವಾಡಿಯ ಮಗ್ಗುಲಲ್ಲಿ ಹರಿಯುವ ವಾಲಧುನಿ ನದಿ ಕಾರ್ಖಾನೆಗಳ ರಾಸಾಯನಿಕ ತ್ಯಾಜ್ಯದಿಂದ ಕೊಳಚೆಯಾಗಿದೆ. ನದಿಯೊಂದು ಸಾಯುವುದೆಂದರೇನೆಂದು ಆ ಆಸುಪಾಸಿನ ಕನ್ನಡ ಜೈನ ಮನೆಗಳಿಗೆ ಬೇರೆ ಹೇಳಬೇಕಿಲ್ಲ. ಇತ್ತ ತವರಿನ ಶರಾವತಿಗೆ ಮತ್ತೊಂದು ಬಗೆಯ ಅಪಾಯ ಒದಗಿದೆ.

ಶರಾವತಿಯಿಂದಲೇ ಹೆಸರು ಪಡೆದ ಬಟಾಸಿಯೊ ಶರಾವತಿಯೆನ್ಸಿಸ್ ಎಂಬ ಮೀಸೆಯುಳ್ಳ ಪುಟ್ಟ ಕ್ಯಾಟ್‌ಫಿಶ್ ವಿಜ್ಞಾನಕ್ಕೆ ಪರಿಚಯವಾದದ್ದು 2004ರಲ್ಲಿ. ಅಷ್ಟರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಎದ್ದು ನಾಲ್ಕು ದಶಕಗಳಾಗಿದ್ದವು. ಈಗ ತಲಕಳಲೆ ಮತ್ತು ಗೇರುಸೊಪ್ಪೆ ಜಲಾಶಯಗಳ ನಡುವೆ ನೀರನ್ನು ಏರಿಸಿ ಇಳಿಸುವ 2000 ಮೆಗಾವ್ಯಾಟ್ ಯೋಜನೆಯನ್ನು ಸರ್ಕಾರ ಮುಂದಿಟ್ಟಿದೆ. ಮರಗಳ ಪರವಾಗಿ, ಸಿಂಗಳೀಕಗಳ ಪರವಾಗಿ ದನಿಗಳೆದ್ದಿವೆ. ನೀರೊಳಗಿನ ಜೀವಿಯ ಪರವಾದ ದನಿ ಕ್ಷೀಣ.

ನೀರನ್ನು ಸೋಸಿ, ಬಟ್ಟೆಯಲ್ಲುಳಿದ ಜೀವಗಳನ್ನು ಅದೇ ಜಲಮೂಲಕ್ಕೆ ಮರಳಿಸುವುದು ಶ್ರಾವಕಾಚಾರ. ಆ ಜಲಮೂಲವೇ ಕೆಟ್ಟರೆ ಮರಳಿಸುವುದೆಲ್ಲಿಗೆ? ಚತುರ್ಮುಖ ಬಸದಿಯ ಗೇರುಸೊಪ್ಪೆ ಇರುವುದೂ ಇದೇ ನದಿಯ ತೀರದಲ್ಲಿ. ಬಸದಿಗಳ ಜೀರ್ಣೋದ್ಧಾರಕ್ಕೆ ಉದಾರವಾಗಿ ಕೈನೀಡುವ ಸಮಾಜ ಹೊಳೆಯ ವಿಷಯದಲ್ಲಿ ಮೌನವಾಗಿರುವುದು ಸಲ್ಲದು.

ಕಾಮಗಾರಿಗೆ ಮುನ್ನ ಜಲಚರಗಳ ಸ್ವತಂತ್ರ ಅಧ್ಯಯನ ನಡೆಯಲಿ, ವರದಿ ಕನ್ನಡದಲ್ಲಿ ಪ್ರಕಟವಾಗಲಿ ಎಂದು ಪ್ರತಿ ಊರಿನ ಜೈನ ಸಂಘವೂ ಸರ್ಕಾರಕ್ಕೆ ಬರೆಯಬೇಕು. ಕೊಡದಲ್ಲಿ ಪಾಲಿಸುವ ದಯೆ ನದಿಗೂ ಸಲ್ಲಬೇಕು.