ಒಂದು ಅಗುಳೂ ಒಂದು ಸಂಸಾರವೂ

ಅನ್ನ ಬೆಂದಿತೇ ಎಂದರಿಯಲು ಒಂದು ಅಗುಳನ್ನು ಹಿಚುಕಿ ನೋಡಿದರೆ ಸಾಕೆಂಬುದು ಸ್ಥಾಲೀಪುಲಾಕ ನ್ಯಾಯ. ಒಂದೇ ಪಾತ್ರೆ, ಒಂದೇ ಉರಿ ಇರುವಲ್ಲಿ ಈ ನ್ಯಾಯವು ನಿರ್ದುಷ್ಟವೇ ಸರಿ. ಆದರೆ ದುಡಿಯುವವರ ಸಂಸಾರಕ್ಕೂ ಇದನ್ನೇ ಅನ್ವಯಿಸುವ ವಿದ್ಯಾವಂತರು ಜಿಲ್ಲೆಯಲ್ಲಿ ಕಡಿಮೆಯಿಲ್ಲ.

ಮಳೆಗಾಲದಲ್ಲಿ ಅವರು ಗೋಕಾವಿಗೆ ಬರುವರು. ಸುಮಾರು 52 ಮೀಟರು ಎತ್ತರದಿಂದ ಧುಮುಕುವ ಘಟಪ್ರಭೆಯನ್ನು ಕಣ್ತುಂಬ ನೋಡುವರು. ಆ ನೀರಿನ ಬಲವನ್ನೇ ನಂಬಿ 1885ರಲ್ಲಿ ಸ್ಥಾಪಿತವಾದ ಕಂಪನಿಯ ನೂಲಿನ ಗಿರಣಿಯು ಅಲ್ಲಿಯೇ ತಲೆಯೆತ್ತಿತು. ಮರಳುವಾಗ ಕೂಲಿಕಾರನ ಮನೆಯಲ್ಲಿ ಒಂದು ಹೊಸ ಸೀರೆ ಕಣ್ಣಿಗೆ ಬಿದ್ದರೆ ತೀರಿತು. “ಇವರ ಕೈಯಲ್ಲಿ ಹಣ ನಿಲ್ಲದು” ಎಂಬ ತೀರ್ಪು ಹೊರಡುವದು.

ಇದು ಪೂರ್ವಪಕ್ಷ. ಆದರೆ ಆ ಹಣವು ಎಂದು ಬರುವದು, ಎಂದು ಬಾರದು ಎಂಬುದನ್ನು ಇವರಲ್ಲಿ ಯಾರು ವಿಚಾರಿಸಿರುವರು? ಗಿರಣಿಯ ಪಾಳಿ ಬದಲಾದ ವಾರ ಮನೆಯ ಊಟ, ನಿದ್ದೆ, ಮಕ್ಕಳ ಪಾಠ ಎಲ್ಲವೂ ಬದಲಾಗುವವು. ಮೂಡಲಗಿಯ ಕಡೆಗೆ ಕಬ್ಬು ಕಡಿಯುವವರಿಗೆ ಕಾರ್ಖಾನೆಯು ನುರಿಸುವ ತಿಂಗಳುಗಳಲ್ಲಿ ಮಾತ್ರ ಆ ದುಡಿಮೆ. ಅದು ನಿಂತೊಡನೆ ಅಂಗಡಿಯ ಉದ್ರಿ. ಹುಕ್ಕೇರಿ ತಾಲೂಕಿನ ಹಿಡಕಲ್ಲಿನಲ್ಲಿ ತಡೆದ ನೀರು ಕಾಲುವೆಗೆ ಬಂದರೆ ವರ. 2019ರ ಆಗಸ್ಟಿನಲ್ಲಿ ಅದೇ ಹೊಳೆಯು ಗೋಕಾವಿಯ ಮನೆಗಳಿಗೆ ನುಗ್ಗಿ, ವರುಷಗಟ್ಟಲೆ ಕೂಡಿಟ್ಟುದನ್ನು ಕೆಡಿಸಿತು. ಶ್ರಾವಣದಲ್ಲಿ ಕಂಡ ಸೀರೆಯು ವೈಶಾಖದ ಮದುವೆಗೆಂದು ಸಾಲದಲ್ಲಿ ತಂದುದಾಗಿದ್ದರೆ, ಅದರ ಕಂತು ಸಂಕ್ರಾಂತಿಗೂ ತೀರದಿರಬಹುದು. ಒಂದು ದಿನದ ಅತಿಥಿಗೆ ಸೀರೆ ಕಾಣುವದು, ಕಂತು ಕಾಣದು.

ಫ್ರಾನ್ಸಿನ ಲ ಪ್ಲೇ ಎಂಬವನು 1855ರಲ್ಲಿ ಯುರೋಪಿನ 36 ಕಾರ್ಮಿಕ ಸಂಸಾರಗಳ ವೃತ್ತಾಂತವನ್ನು ಪ್ರಕಟಿಸಿದಾಗ, ಪ್ರತಿಯೊಂದು ಮನೆಯ ಆಯವ್ಯಯವನ್ನೂ ವರ್ಷದ ಲೆಕ್ಕದಲ್ಲಿಯೇ ಬರೆದನು. ತುಟ್ಟಿಭತ್ಯೆಗೆ ಆಧಾರವಾದ ಕಾರ್ಮಿಕರ ಬೆಲೆ ಸೂಚ್ಯಂಕದಲ್ಲಿ ಬೆಳಗಾವಿಯೂ ಒಂದು ಕೇಂದ್ರ. ಅದಕ್ಕೂ ಇಡಿಯ 2016ನೆಯ ವರ್ಷವೇ ಆಧಾರ, ಒಂದು ದಿನವಲ್ಲ. ಸರಕಾರಕ್ಕಿರುವಷ್ಟು ಎಚ್ಚರವೂ ಸಾಹಿತ್ಯಾಭಿಮಾನಿಗಳಿಗೆ ಬೇಡವೇ? ದುಡಿಯುವವರ ಬಾಳು ಸಾಹಿತ್ಯಕ್ಕೆ ಹೊರತಲ್ಲವೆಂಬುದನ್ನು ಇದೇ ಗೋಕಾವಿ ತಾಲೂಕಿನ ಮಲಾಮರಡಿಯಲ್ಲಿ ಜನಿಸಿದ ಬಸವರಾಜ ಕಟ್ಟೀಮನಿಯವರು ತಮ್ಮ ಕಾದಂಬರಿಗಳಿಂದ ತೋರಿಸಿಕೊಟ್ಟಿರುವರು.

ಅವಸರದ ತೀರ್ಪು ಜಗುಲಿಯ ಮಾತಿನಲ್ಲಿಯೇ ಮುಗಿಯುವದಿಲ್ಲ. ಪಗಾರ ಹೆಚ್ಚಿಸಬೇಕೆಂದಾಗ, ಮಗನ ಶಾಲೆಯ ಶುಲ್ಕದಲ್ಲಿ ರಿಯಾಯತಿ ಕೇಳಿದಾಗ, ಅದೇ ತೀರ್ಪು ಬಾಗಿಲಿಗೆ ಅಡ್ಡ ನಿಲ್ಲುವದು. ಆದುದರಿಂದ ಒಂದೇ ಹೊಸ್ತಿಲಿಗೆ ಹನ್ನೆರಡು ತಿಂಗಳು ಹೋಗಿಬರುವ ತಾಳ್ಮೆಯುಳ್ಳವರು ಬರೆಯಲಿ. ಇಲ್ಲದವರು ಜಲಪಾತವನ್ನು ವರ್ಣಿಸಿ ಸುಮ್ಮನಾಗುವದು ಲೇಸು.