ಹೆಸರಿನ ಏಳು, ಕೆಲಸದ ಐದು

ಲ್ಯಾಪ್‌ಟಾಪ್ ಕೊಳ್ಳುವವರಲ್ಲಿ ಪ್ರೊಸೆಸರಿನ ಹೆಸರಿನ ಅಂಕಿಯನ್ನೇ ಅದರ ಯೋಗ್ಯತೆಯೆಂದು ನಂಬುವ ರೂಢಿ ಬಲವಾಗಿದೆ. ಐ5ಕ್ಕಿಂತ ಐ7 ಮೇಲು ಎಂಬುದು ಅಂಗಡಿಗಳಲ್ಲಿ ನಿರ್ವಿವಾದದ ಮಾತು. ಕನ್ನಡ ಐಚ್ಛಿಕದ ಜೊತೆಗೆ ಪ್ರೋಗ್ರಾಮಿಂಗ್ ಕಲಿತು ಪದಕೋಶ, ಕಾಗುಣಿತ ತಪಾಸಣೆಯಂತಹ ತಂತ್ರಾಂಶಗಳನ್ನು ಕಟ್ಟಬಯಸುವ ವಿದ್ಯಾರ್ಥಿಗೆ ಈ ನಂಬಿಕೆ ದುಬಾರಿಯಾದೀತು. ಮನೆಯವರು ಕೂಡಿಟ್ಟ ಹಣದಲ್ಲಿ ಒಮ್ಮೆ ಕೊಂಡ ಯಂತ್ರದೊಡನೆ ನಾಲ್ಕೈದು ವರ್ಷ ಬಾಳಬೇಕಾಗುತ್ತದೆ.

ಇಂಟೆಲ್ ಸಂಸ್ಥೆ 2022ರಲ್ಲಿ ಹೊರತಂದ ಹನ್ನೆರಡನೆಯ ಪೀಳಿಗೆಯ ಎರಡು ಪ್ರೊಸೆಸರುಗಳನ್ನು ನೋಡಬಹುದು. ಐ7-1255ಯು ಎಂಬುದರಲ್ಲಿ ದೊಡ್ಡ ಕೋರ್‌ಗಳು 2, ಸಣ್ಣವು 8; ಮೂಲ ವಿದ್ಯುತ್ ಮಿತಿ 15 ವ್ಯಾಟ್. ಐ5-12500ಎಚ್ ಎಂಬುದರಲ್ಲಿ ದೊಡ್ಡವು 4, ಸಣ್ಣವು 8. ಮಿತಿ 45 ವ್ಯಾಟ್. ಗರಿಷ್ಠ ವೇಗ ಐ7ರದ್ದೇ ತುಸು ಹೆಚ್ಚು: 4.7 ಗಿಗಾಹರ್ಟ್ಸ್, ಐ5ರದ್ದು 4.5. ಒಂದೇ ಕೋರನ್ನು ಕೆಲವು ಕ್ಷಣ ದುಡಿಸುವ ಪರೀಕ್ಷೆಯಲ್ಲಿ ಐ7 ಹಿಂದೆ ಬೀಳದು. ನೂರಾರು ಕಡತಗಳ ತಂತ್ರಾಂಶವನ್ನು ಕಂಪೈಲ್ ಮಾಡುವಾಗ ಚಿತ್ರ ಬದಲಾಗುತ್ತದೆ. ಕಡತಗಳು ಕೋರ್‌ಗಳಿಗೆ ಹಂಚಿಹೋಗುತ್ತವೆ, ಶಾಖ ಏರುತ್ತದೆ, ಮೊದಲ ಕ್ಷಣಗಳ ರಭಸ ಇಳಿಯುತ್ತದೆ. ಆಗ ಉಳಿಯುವುದು ವಿದ್ಯುತ್ತಿನ ಮಿತಿ ಮತ್ತು ಫ್ಯಾನಿನ ತಾಕತ್ತು. ಇಲ್ಲಿ ಐ5 ಮುಂದೆ ಹೋಗುತ್ತದೆ. ‘ನಾವ ಮೋಠಂ, ಲಕ್ಷಣ ಖೋಟಂ’ ಎಂಬ ಮರಾಠಿ ಗಾದೆ ಸೊಲ್ಲಾಪುರ ಸೀಮೆಯ ಕನ್ನಡಿಗರಿಗೆ ಹೊಸದಲ್ಲ.

ಎಎಂಡಿಯ ಹೆಸರುಗಳು ಇನ್ನೂ ಜಾಣತನದವು. ರೈಜೆನ್ 5 7520ಯು ಮತ್ತು 7540ಯು ಒಡಹುಟ್ಟಿದವುಗಳಂತೆ ತೋರುತ್ತವೆ. ಆದರೆ ಗುಟ್ಟು ಮೂರನೆಯ ಅಂಕಿಯಲ್ಲಿದೆ: ಮೊದಲನೆಯದು 2019ರಷ್ಟು ಹಳೆಯ ಜೆನ್ 2 ವಿನ್ಯಾಸದ 4 ಕೋರ್‌ಗಳದ್ದು, ಎರಡನೆಯದು ಜೆನ್ 4 ವಿನ್ಯಾಸದ 6 ಕೋರ್‌ಗಳದ್ದು. ಸಾಮಾನ್ಯ ಗ್ರಾಹಕನು ಈ ಛಂದಸ್ಸನ್ನು ಬಿಡಿಸಬಲ್ಲನೆಂದು ನಿರೀಕ್ಷಿಸುವುದು ನ್ಯಾಯವಲ್ಲ.

ಹಾಗೆಂದು ವ್ಯಾಟನ್ನೇ ಹೊಸ ದೇವರನ್ನಾಗಿಸುವುದೂ ತರವಲ್ಲ. 2020ರ ನವೆಂಬರಿನಲ್ಲಿ ಬಂದ ಆ್ಯಪಲ್ ಎಂ1 ಪ್ರೊಸೆಸರು ಫ್ಯಾನೇ ಇಲ್ಲದ ಮ್ಯಾಕ್‌ಬುಕ್ ಏರ್‌ನಲ್ಲಿಯೂ ಚುರುಕಾಗಿ ದುಡಿದು, ಕಡಿಮೆ ವಿದ್ಯುತ್ತಿನಲ್ಲಿ ಹೆಚ್ಚು ಕೆಲಸ ಸಾಧ್ಯವೆಂದು ತೋರಿಸಿತು. ಕೋರ್‌ಗಳ ಲೆಕ್ಕಕ್ಕೂ ಎಲ್ಲೆಯಿದೆ. ಕೆಲಸದಲ್ಲಿ ಹಂಚಲಾಗದ ಭಾಗವೇ ಒಟ್ಟು ವೇಗಕ್ಕೆ ಕಟ್ಟು ಹಾಕುತ್ತದೆಂದು ಜೀನ್ ಆಮ್ಡಾಲ್ 1967ರಲ್ಲಿಯೇ ವಾದಿಸಿದ್ದರು. ಪೈಥಾನಿನ ಸಣ್ಣ ಪ್ರೋಗ್ರಾಮು ಬರೆಯುವವನಿಗೆ ಹನ್ನೆರಡು ಕೋರ್‌ಗಳಲ್ಲಿ ಹೆಚ್ಚಿನವು ನಿದ್ರಿಸುತ್ತಲೇ ಇರುತ್ತವೆ. ಎಚ್ ಶ್ರೇಣಿಯ ಯಂತ್ರಗಳು ಸಾಮಾನ್ಯವಾಗಿ ಭಾರ, ಬ್ಯಾಟರಿಯೂ ಬೇಗ ಮುಗಿಯುತ್ತದೆ. ಬಸ್ಸಿನಲ್ಲಿ ಓಡಾಡುವವರು ಇದನ್ನು ಮರೆಯಬಾರದು.

ಹಣ ಮಿತವಾಗಿದ್ದರೆ 8 ಜಿಬಿ ರ‍್ಯಾಮಿನ ಐ7ಕ್ಕಿಂತ 16 ಜಿಬಿಯ ಐ5 ಲೇಸು. ಎಡಿಟರು, ಬ್ರೌಸರು, ಆ್ಯಂಡ್ರಾಯ್ಡ್ ಎಮ್ಯುಲೇಟರು ಒಟ್ಟಿಗೆ ತೆರೆದಾಗ ರ‍್ಯಾಮ್ ಸಾಲದಿದ್ದರೆ ಎಂತಹ ಪ್ರೊಸೆಸರೂ ಕಾಯುತ್ತ ಕೂರಬೇಕು. ತೆಳುವಾದ ಅನೇಕ ಲ್ಯಾಪ್‌ಟಾಪುಗಳಲ್ಲಿ ರ‍್ಯಾಮನ್ನು ಬೋರ್ಡಿಗೇ ಬೆಸೆದಿರುತ್ತಾರೆ, ಮುಂದೆ ಹೆಚ್ಚಿಸಲು ಬಾರದು. ಆದ್ದರಿಂದ ಅಂಗಡಿಯಲ್ಲಿ ಪ್ರೊಸೆಸರಿನ ಪೂರ್ಣ ಹೆಸರನ್ನು ಕೊನೆಯ ಅಕ್ಷರದವರೆಗೆ ಬರೆಸಿಕೊಂಡು, ರ‍್ಯಾಮ್ ಹೆಚ್ಚಿಸಲು ಬರುವುದೇ ಎಂದು ಕೇಳಿ, ಸಾಧ್ಯವಾದರೆ ಅದೇ ಮಾದರಿ ಇರುವ ಗೆಳೆಯರ ಯಂತ್ರದಲ್ಲಿ ತಮ್ಮದೇ ಪ್ರೋಗ್ರಾಮನ್ನು ಹತ್ತು ನಿಮಿಷ ಬಿಡದೆ ಓಡಿಸಿ ನೋಡಬೇಕು.