ಇನ್ನೊಂದ್ಸಲ ಬೀಳ್ತೀಯಾ?

ಎರಡು ಸೀಸನ್ ಕಬಡ್ಡಿ ನೇರಪ್ರಸಾರದಲ್ಲಿ ರಿಪ್ಲೇ ಕೆಲಸ ಮಾಡಿದೆ. ರೈಡರ್ ಬೋನಸ್ ಗೆರೆ ದಾಟಿದನೋ ಇಲ್ಲವೋ, ಕೆಲವೇ ಸೆಕೆಂಡಿನಲ್ಲಿ ಹುಡುಕಿ ತೋರಿಸಬೇಕು. ತಡವಾದರೆ ಹೆಡ್‌ಫೋನಿನಲ್ಲಿ ಬೈಗುಳ. ಆದರೂ ದಿನದ ಲೆಕ್ಕದಲ್ಲಿ ಒಳ್ಳೆಯ ದುಡ್ಡು. ಇನ್ನು ಪೇಟೆಯ ಗರಡಿಮನೆಗಳ ಮೇಲೆ ಸಾಕ್ಷ್ಯಚಿತ್ರ ಮಾಡ್ತೀನಿ ಅಂದಾಗ ಚಾಮರಾಜಪೇಟೆಯ ನಮ್ಮ ಮನೆಯಲ್ಲಿ ಅಪ್ಪ ಕೇಳಿದ್ದು ಒಂದೇ: "ಅದಕ್ಕೆ ದುಡ್ಡು ಯಾರೋ ಕೊಡ್ತಾರೆ?"

ನಾನು ಕಲ್ಯಾಣ್ ವರ್ಮಾ ಹೆಸರು ಹೇಳಿದೆ. ಯಾಹೂ ಕೆಲಸ ಬಿಟ್ಟು ಕಾಡಿಗೆ ಹೋದವರು. ಸಾಫ್ಟ್‌ವೇರ್‌ನಿಂದಲೇ ಬಂದ ಅಮೋಘವರ್ಷ ಅವರ ಜೊತೆ ನಿರ್ದೇಶಿಸಿದ 'ವೈಲ್ಡ್ ಕರ್ನಾಟಕ' 2020ರಲ್ಲಿ ಚಿತ್ರಮಂದಿರಕ್ಕೇ ಬಂತು, ರಾಷ್ಟ್ರಪ್ರಶಸ್ತಿಯನ್ನೂ ಪಡೆಯಿತು. ಒಂದು ಗಂಟೆಯೂ ಇಲ್ಲದ ಚಿತ್ರಕ್ಕೆ ನಾಲ್ಕು ವರ್ಷದ ಚಿತ್ರೀಕರಣ. ಆದರೆ ವರ್ಮಾ ಕೆಲಸ ಬಿಟ್ಟದ್ದಕ್ಕೂ ಈ ಚಿತ್ರಕ್ಕೂ ನಡುವೆ ಹದಿನೈದು ವರ್ಷದಷ್ಟು ಅಂತರವಿದೆ. ಸಾಧಕರ ಕಥೆ ಹೇಳುವವರು ಆ ವರ್ಷಗಳನ್ನು ಒಂದೇ ಸಾಲಿನಲ್ಲಿ ಹಾರಿಸಿಬಿಡುತ್ತಾರೆ. ಅಪ್ಪನೆದುರು ನಾನೂ ಹಾರಿಸಿದ್ದೆ.

ಅಮೋಘವರ್ಷ ಮುಂದೆ ಪುನೀತ್ ಜೊತೆ 'ಗಂಧದ ಗುಡಿ' ಮಾಡಿದರು. 'ಮೌರ್ಯ'ದಲ್ಲಿ ಕಿಕ್‌ಬಾಕ್ಸಿಂಗ್ ರಿಂಗಿಗಿಳಿದ ಅಪ್ಪು ಇಲ್ಲಿ ಹಾವೆಂದರೆ ಅಂಜುತ್ತಾರೆ. ಥಿಯೇಟರಿನಲ್ಲಿ ನನಗೆ ಹೊಳೆದದ್ದು ಅಲ್ಲೇ: ಆಟದ ಮನರಂಜನೆಗೆ ಗೆದ್ದವನು ಬೇಕು, ಸಾಕ್ಷ್ಯಚಿತ್ರಕ್ಕೆ ಅಂಜಿದವನೂ ಸಾಕು.

ಹೊಳೆಯುವುದು ಸುಲಭ. ಗರಡಿಯಲ್ಲಿ ಮೊದಲ ದಿನ ಕ್ಯಾಮೆರಾ ಇಟ್ಟು ಕೂತರೆ ಉಸ್ತಾದರು ಒಂದು ಗಂಟೆ ಬರೀ ಕೆಮ್ಮಣ್ಣು ಅಗೆದು ಹದ ಮಾಡಿದರು. ನಾನು ಬೇಸರಗೊಂಡು ಮೊಬೈಲ್ ತೆಗೆದೆ. ಅಷ್ಟರಲ್ಲಿ ಕರಗದ ವೀರಕುಮಾರನಾಗಲು ತಯಾರಾಗುತ್ತಿದ್ದ ಹುಡುಗನೊಬ್ಬ ಪಟ್ಟು ತಪ್ಪಿ ಮಣ್ಣಿಗೆ ಬಿದ್ದು, ತಾನೇ ನಕ್ಕ. ನನಗೆ ಸಿಗಲಿಲ್ಲ.

"ಇನ್ನೊಂದ್ಸಲ ಬೀಳ್ತೀಯಾ?"

"ಬೇಕಂತ ಬೀಳೋಕೆ ನಾನೇನು ಸಿನಿಮಾದವನಾ ಅಣ್ಣ?"

ಫೋಕಸ್ ಹಿಡಿಯುವ ಕೈ, ಮುಂದೇನಾಗುತ್ತದೆಂದು ಊಹಿಸುವ ಕಣ್ಣು, ಇವೆಲ್ಲ ಪಂದ್ಯಗಳಿಂದಲೇ ಬಂದವು, ಒಂದೂ ವ್ಯರ್ಥವಾಗಿಲ್ಲ. ಬಿಡಬೇಕಾದದ್ದು ಎರಡನೇ ಸಲ ಸಿಗುತ್ತದೆಂಬ ಭರವಸೆ.

ಹಾಗಂತ 'ಕೆಲಸಕ್ಕೆ ರಾಜೀನಾಮೆ ಕೊಟ್ಟು ಕನಸು ಹಿಡಿಯಿರಿ' ಎಂಬ ಭಾಷಣ ನನಗೆ ಆಗಿಬರುವುದಿಲ್ಲ. ಸೀಸನ್ನಿನಲ್ಲಿ ಈಗಲೂ ಪಂದ್ಯಕ್ಕೆ ಹೋಗುತ್ತೇನೆ. ಲೆನ್ಸ್ ಬಾಡಿಗೆ ಅದರಿಂದಲೇ. ಅಪ್ಪನ ಪ್ರಶ್ನೆಗೆ ಸದ್ಯದ ಉತ್ತರ: ಕಬಡ್ಡಿ ಕೊಡುತ್ತದೆ.

ಈ ಚೈತ್ರ ಹುಣ್ಣಿಮೆಗೆ ಕರಗ. ಅದೇ ರಾತ್ರಿ ಒಂದು ಕ್ರಿಕೆಟ್ ಪಂದ್ಯಕ್ಕೂ ಕರೆ ಬಂದಿತ್ತು. ಬರಲ್ಲ ಅಂದಿದ್ದೇನೆ. ಮನೆಯಲ್ಲಿ ಇನ್ನೂ ಹೇಳಿಲ್ಲ.